ಅಪಘಾತದಲ್ಲಿ ಹೊಟ್ಟೆಯ ಕೂಸು ಹೋದರೆ ಪರಿಹಾರ ಕೇಳುವುದು ಹೇಗೆ?

ಹಾಸನದಿಂದ ಸಕಲೇಶಪುರದ ಕಡೆ ಹೋಗುತ್ತಿದ್ದ ಬೈಕಿಗೆ ಹಿಂದಿನಿಂದ ಕಾರು ಗುದ್ದಿತು ಅಂದುಕೊಳ್ಳಿ. ಹಿಂದೆ ಕೂತಿದ್ದ ಏಳು ತಿಂಗಳ ಬಸುರಿಗೆ ಮೊಣಕೈ ತರಚಿದ್ದು ಬಿಟ್ಟರೆ ಏನೂ ಆಗಿಲ್ಲ. ಮರುದಿನ ನೋಡಿದರೆ ಹೊಟ್ಟೆಯಲ್ಲಿ ಮಗು ಅಲುಗುತ್ತಿಲ್ಲ. ಕಾಲು ಮುರಿದರೆ ಪರಿಹಾರ ಉಂಟು ಅಂತ ಎಲ್ಲರಿಗೂ ಗೊತ್ತು. ಹುಟ್ಟದ ಮಗುವಿಗೂ ಕೇಳಬಹುದು ಅಂತ ಗೊತ್ತಿರುವವರು ಕಡಿಮೆ.

ಐದು ತಿಂಗಳು ದಾಟಿದ ಗರ್ಭದ ಕೂಸು ಹುಟ್ಟಿದ ಮಗುವಿಗೆ ಸಮ ಅಂತ ದೆಹಲಿ ಹೈಕೋರ್ಟ್ 2010ರಲ್ಲಿ ಹೇಳಿದೆ. ನಮ್ಮ ರಾಜ್ಯದಿಂದ ಹೋದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಕೂಡ 2011ರಲ್ಲಿ ಇಂಥ ಪರಿಹಾರವನ್ನು ಎತ್ತಿಹಿಡಿದಿದೆ. ಇಷ್ಟೇ ಹಣ ಅಂತ ಸಿದ್ಧ ಪಟ್ಟಿ ಮಾತ್ರ ಇಲ್ಲ.

ಮೊದಲು ಆಸ್ಪತ್ರೆ. ಗಾಯ ಇಲ್ಲ ಅಂತ ಸುಮ್ನೆ ಮನೆಗೆ ಹೋಗಬೇಡಿ. ಹೊಟ್ಟೆಗೆ ಪೆಟ್ಟು ಬಿದ್ದರೆ ಮೇಲೆ ಏನೂ ಕಾಣದಿದ್ದರೂ ಒಳಗೆ ಮಾಸು (ಪ್ಲಾಸೆಂಟಾ) ಗರ್ಭಕೋಶದಿಂದ ಬಿಟ್ಟುಕೊಳ್ಳಬಹುದು. ಅದು ಗೊತ್ತಾಗುವುದು ಕೆಲವು ಗಂಟೆ, ಕೆಲವೊಮ್ಮೆ ಒಂದೆರಡು ದಿನದ ಮೇಲೆ. ಬಸುರಿ ಅಂತಲೂ, ವಾಹನ ಗುದ್ದಿದೆ ಅಂತಲೂ ಡಾಕ್ಟರಿಗೆ ಹೇಳಿ ಎಂಎಲ್‌ಸಿ (ಪೊಲೀಸರಿಗೆ ತಿಳಿಸಬೇಕಾದ ಪ್ರಕರಣ ಅನ್ನುವ ಆಸ್ಪತ್ರೆ ದಾಖಲೆ) ಮಾಡಿಸಿ, ಸ್ಕ್ಯಾನಿಂಗ್ ಕೇಳಿ.

ನನ್ನ ಪ್ರಕಾರ ಕೇಸು ನಿಲ್ಲುವುದೂ ಬೀಳುವುದೂ ಇಲ್ಲೇ. ಮಗು ಹೋಗಿದ್ದು ಅಪಘಾತದಿಂದ ಅಂತ ಯಾರು ಹೇಳಿದರು ಅಂತ ವಿಮಾ ಕಂಪನಿ ವಕೀಲರು ಕೇಳಿಯೇ ಕೇಳುತ್ತಾರೆ. ಡಾಕ್ಟರು ಕೊಡುವ ಗಾಯದ ಪ್ರಮಾಣಪತ್ರದಲ್ಲಿ (ವೂಂಡ್ ಸರ್ಟಿಫಿಕೇಟ್) 'ಮೊಣಕೈ ತರಚಿದೆ' ಅಂತಷ್ಟೇ ಇದ್ದರೆ ಉತ್ತರ ಕಷ್ಟ. ಗರ್ಭ ಎಷ್ಟು ವಾರದ್ದು, ಎದೆಬಡಿತ ಇತ್ತಾ, ಮಗು ಸತ್ತಿದ್ದು ಯಾಕೆ ಅನ್ನುವುದನ್ನು ಬರೆಯಲು ಡಾಕ್ಟರನ್ನು ಕೇಳಿಕೊಳ್ಳಿ. ಶಿಶುವಿನ ಪೋಸ್ಟ್‌ಮಾರ್ಟಂ ಬಗ್ಗೆ ಪೊಲೀಸರನ್ನೂ ಕೇಳಿ. ಆ ಹೊತ್ತಿನಲ್ಲಿ ಈ ಮಾತು ಆಡುವುದೇ ಹಿಂಸೆ, ಗೊತ್ತು. ತಾಯಿಯನ್ನು ಬಿಟ್ಟು ಮನೆಯ ಬೇರೆ ಯಾರಾದರೂ ಇದನ್ನು ನೋಡಿಕೊಳ್ಳಲಿ.

ತಾಯಿ ಕಾರ್ಡ್ ಜೋಪಾನ. ಆಶಾ ಕಾರ್ಯಕರ್ತೆ ಮಾಡಿಸಿಕೊಟ್ಟ ಆ ಕಾರ್ಡಿನಲ್ಲಿ ಪ್ರತಿ ತಪಾಸಣೆಯ ತಾರೀಕು, ತೂಕ, ಬಿಪಿ, ಮಗುವಿನ ಎದೆಬಡಿತ ಇರುತ್ತೆ. ಅಪಘಾತಕ್ಕೆ ಮುಂಚಿನ ತಪಾಸಣೆಯಲ್ಲಿ ಎಲ್ಲ ಸರಿ ಇತ್ತು ಅನ್ನುವುದಕ್ಕೆ ಇದಕ್ಕಿಂತ ಒಳ್ಳೆ ಸಾಕ್ಷಿ ಇಲ್ಲ. 28 ವಾರ ತುಂಬಿದ್ದರೆ ನಿರ್ಜೀವ ಜನನ ಅಂತ ನೋಂದಣಿಯನ್ನೂ ಮಾಡಿಸಬೇಕು.

ಆಮೇಲೆ ಠಾಣೆ. ದೂರಿನಲ್ಲೇ ಗರ್ಭಿಣಿ ಅಂತ ಬರೆಸಿ. ಎಫ್‌ಐಆರ್, ಮಹಜರ್, ಚಾರ್ಜ್‌ಶೀಟ್ ಪ್ರತಿಗಳನ್ನು ಇಟ್ಟುಕೊಳ್ಳಿ.

ಅರ್ಜಿ ಹೋಗುವುದು ಮೋಟಾರು ವಾಹನ ಕಾಯ್ದೆಯ 166ನೇ ಕಲಮಿನಡಿ, ಅಪಘಾತ ಪರಿಹಾರ ನ್ಯಾಯಮಂಡಳಿಗೆ. ವಕೀಲರ ಬಾಯಲ್ಲಿ ಇದು ಎಂವಿಸಿ ಕೇಸು. ಅಪಘಾತ ಚಿಕ್ಕಮಗಳೂರಿನಲ್ಲಾಗಿ ನಿಮ್ಮ ಮನೆ ಹಾಸನದಲ್ಲಿದ್ದರೆ ಹಾಸನದಲ್ಲೇ ಹಾಕಬಹುದು. ಅಪಘಾತವಾದ ದಿನದಿಂದ ಆರು ತಿಂಗಳೊಳಗೆ ಅನ್ನುವ ಗಡುವು 2022ರ ಏಪ್ರಿಲ್ 1ರಿಂದ ಬಂದಿದೆ, ಅದರೊಳಗೇ ಹಾಕಿಬಿಡಿ. ತಾಯಿಯ ಗಾಯಕ್ಕೆ ಒಂದು ಬಾಬ್ತು, ಮಗುವಿಗೆ ಇನ್ನೊಂದು. ಎರಡನ್ನೂ ಒಂದರಲ್ಲೇ ಸೇರಿಸಿ ಗಂಟು ಕಟ್ಟಿದರೆ ಮಗುವಿನ ಪಾಲು ಮಾಯವಾಗುತ್ತೆ.

ಗಂಡ ಓಡಿಸುತ್ತಿದ್ದ ಬೈಕೇ ಜಾರಿ ಬಿದ್ದರೆ? ಬರೀ ಥರ್ಡ್ ಪಾರ್ಟಿ ಪಾಲಿಸಿ ಹಿಂದೆ ಕೂತವರನ್ನು ಕಾಯುವುದಿಲ್ಲ. ಸ್ವಂತ ವಾಹನದ ಹಾನಿಯನ್ನೂ ಒಳಗೊಂಡ ಪ್ಯಾಕೇಜ್ ಪಾಲಿಸಿ ಇದ್ದರೆ ದಾರಿ ಉಂಟು. ಪಾಲಿಸಿ ಕಾಗದ ತೆಗೆದು ನೋಡಿ.

ವಕೀಲರಿಗೆ ದುಡ್ಡಿಲ್ಲವೇ? ಆದಾಯ ಎಷ್ಟೇ ಇರಲಿ, ಹೆಣ್ಣುಮಕ್ಕಳಿಗೆ ಕಾನೂನು ನೆರವು ಉಚಿತ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ, ಇಲ್ಲವೇ 15100ಕ್ಕೆ ಫೋನ್ ಮಾಡಿ.

ತೀರ್ಪಿನ ಹಣ ಕಡಿಮೆ ಅನಿಸಿದರೆ 90 ದಿನದೊಳಗೆ ಹೈಕೋರ್ಟಿಗೆ ಹೋಗಬಹುದು. ಲೋಕ ಅದಾಲತ್‌ನಲ್ಲಿ ರಾಜಿಯಾದರೆ ಮೇಲ್ಮನವಿ ಇಲ್ಲ. ಹಾಗಾಗಿ ರಾಜಿ ಪತ್ರದಲ್ಲಿ ಮಗುವಿನ ಬಾಬ್ತು ಬೇರೆಯಾಗಿ ಬರೆದಿದೆಯಾ ಅಂತ ಓದಿಸಿ ಕೇಳಿಕೊಂಡೇ ಸಹಿ ಹಾಕಿ.