ಬೆಟ್ಟ ಹತ್ತುವ ನದಿಯನ್ನು ನಾನು ಕಟ್ಟಿದ ಬಗೆ

ನನ್ನ ಫ್ಯಾಂಟಸಿ ಲೋಕದಲ್ಲಿ ನದಿಗಳು ಬೆಟ್ಟ ಹತ್ತುತ್ತವೆ. ಬಯಲಿನಲ್ಲಿ ಹುಟ್ಟಿ, ಒಂದು ದೊಡ್ಡ ಬೆಟ್ಟದ ಕಡೆಗೆ ಹರಿದು, ಅದರ ಮೈಮೇಲೆ ಏರುತ್ತವೆ. 'ಮಂತ್ರದ ಬಲದಿಂದ ನೀರು ಮೇಲೇರಿತು' ಅಂತ ಒಂದು ಸಾಲು ಬರೆದು ಮುಗಿಸಬಹುದಿತ್ತು. ಆದರೆ ಅಂಥ ನದಿಯ ದಡದಲ್ಲಿ ಜನ ಬದುಕುವುದು ಹೇಗೆ? ದೋಣಿ ಯಾವ ಕಡೆ ಹೋಗುತ್ತದೆ, ಮೆಕ್ಕಲು ಎಲ್ಲಿ ಸೇರುತ್ತದೆ, ಯಾವುದಕ್ಕೂ ಉತ್ತರ ಇರುವುದಿಲ್ಲ. ಅದಕ್ಕೇ ಮಂತ್ರಕ್ಕೆ ಒಂದೇ ಒಂದು ನಿಯಮ ಇಟ್ಟೆ. ಉಳಿದದ್ದೆಲ್ಲ ಆ ನಿಯಮದಿಂದಲೇ ಹುಟ್ಟಬೇಕು ಅಂತ ಹಟ ಹಿಡಿದೆ.

ನಿಯಮ ಹುಡುಕಲು ಮೊದಲು ನಮ್ಮ ಭೂಮಿಯ ನದಿಗಳನ್ನೇ ಓದಿದೆ. ಮಿಸಿಸಿಪ್ಪಿ ನದಿ ಸಮುದ್ರ ಸೇರುವ ಜಾಗ, ಅದು ಹುಟ್ಟುವ ಜಾಗಕ್ಕಿಂತ ಭೂಮಿಯ ಕೇಂದ್ರದಿಂದ ಹೆಚ್ಚು ದೂರದಲ್ಲಿದೆ. ಭೂಮಿ ತಿರುಗುವುದರಿಂದ ನಡುವಿನಲ್ಲಿ ಉಬ್ಬಿದೆ. ಸಮಭಾಜಕದ ಹತ್ತಿರ ಅದರ ತ್ರಿಜ್ಯ ಧ್ರುವದಲ್ಲಿ ಇರುವುದಕ್ಕಿಂತ ಸುಮಾರು 21 ಕಿಲೋಮೀಟರ್ ಜಾಸ್ತಿ. ಉತ್ತರದಿಂದ ದಕ್ಷಿಣಕ್ಕೆ ಹರಿಯುವ ಆ ನದಿ ಕೇಂದ್ರದಿಂದ ದೂರ ಹೋಗುತ್ತಲೇ 'ಇಳಿಯುತ್ತದೆ'. ಅಂಟಾರ್ಕ್ಟಿಕಾದ ಮಂಜುಗಡ್ಡೆಯ ಅಡಿಯಲ್ಲಂತೂ ನೀರು ಕೆಲವು ಕಡೆ ಬಂಡೆಯ ಏರನ್ನೇ ಹತ್ತುತ್ತದೆ. ಮೇಲಿನ ಮಂಜುಗಡ್ಡೆಯ ಭಾರ ಅದನ್ನು ಒತ್ತಿ ತಳ್ಳುತ್ತದೆ. ಇದನ್ನು ಓದಿದ ಮೇಲೆ ನನಗೆ ದಾರಿ ಸಿಕ್ಕಿತು. ನೀರಿಗೆ ಎತ್ತರ ತಗ್ಗು ಗೊತ್ತಿಲ್ಲ. ತನ್ನ ಮೇಲಿನ ಬಲಗಳೆಲ್ಲ ಸೇರಿ ಎತ್ತ ಎಳೆಯುತ್ತವೋ ಅತ್ತ ಹೋಗುತ್ತದೆ, ಅಷ್ಟೇ. ಗುರುತ್ವವನ್ನು ತೆಗೆದುಹಾಕುವ ಅಗತ್ಯವೇ ಇರಲಿಲ್ಲ. ತೆಗೆದಿದ್ದರೆ ನೀರು ನದಿಯಾಗಿ ಉಳಿಯುತ್ತಲೂ ಇರಲಿಲ್ಲ, ನೆಲ ಬಿಟ್ಟು ಹಾರಿಹೋಗುತ್ತಿತ್ತು.

ನನ್ನ ನಿಯಮ ಇದು: ಬೆಟ್ಟದ ಒಡಲಿನಲ್ಲಿ ಒಂದು ಕಲ್ಲಿದೆ, ಅದು ನೀರನ್ನು ಮಾತ್ರ ಅಡ್ಡಡ್ಡ ಎಳೆಯುತ್ತದೆ. ಬೆಟ್ಟದ ಸುತ್ತಮುತ್ತ ಆ ಸೆಳೆತ ಗುರುತ್ವದ ಅರ್ಧದಷ್ಟು. ದೂರ ಹೋದಂತೆ ಕಡಿಮೆಯಾಗುತ್ತದೆ.

ಇಲ್ಲಿಂದ ಪೆನ್ಸಿಲ್ ಹಿಡಿದು ಕೂತರೆ ಸಾಕು. ಕೆಳಗೆ ಒಂದು ಪಾಲು ಎಳೆತ, ಬದಿಗೆ ಅರ್ಧ ಪಾಲು. ಎರಡನ್ನೂ ಸೇರಿಸಿದರೆ ನೀರಿನ 'ಮಟ್ಟ' ಸುಮಾರು 27 ಡಿಗ್ರಿ ಓರೆಯಾಗುತ್ತದೆ. ಅಂದರೆ ಅದಕ್ಕಿಂತ ಕಡಿಮೆ ಇಳಿಜಾರಿನ ಬೆಟ್ಟದ ಮೈಯನ್ನು ನೀರು ಹತ್ತುತ್ತದೆ. ಅದಕ್ಕಿಂತ ಕಡಿದಾದ ಕಡೆ ಮಾಮೂಲಿನಂತೆ ಇಳಿಯುತ್ತದೆ. ಎರಡೂ ಕೂಡುವ ಕಡೆ ಬೆಟ್ಟದ ಸೊಂಟಕ್ಕೆ ಸುತ್ತಿಕೊಂಡ ಹಾಗೆ ಒಂದು ಓರೆ ಕೆರೆ ನಿಲ್ಲುತ್ತದೆ. ನದಿ ನಿಧಾನವಾಗಿ ಹರಿಯಬೇಕಾದರೆ ಇಳಿಜಾರು 27ಕ್ಕೆ ತೀರಾ ಹತ್ತಿರ ಇರಬೇಕು. 20 ಡಿಗ್ರಿ ಇಟ್ಟರೆ ನೀರಿಗೆ ಅದು ಏಳು ಡಿಗ್ರಿಯ ಕಡಿದಾದ ಜಾರು, ನೊರೆ ಕಾರುತ್ತ ನುಗ್ಗುತ್ತದೆ. ನನ್ನ ನಕ್ಷೆಯಲ್ಲಿ ಎರಡು ಬಗೆಯ ನದಿಗಳೂ ಇವೆ.

ಆಮೇಲೆ ಬಂತು ನನಗೆ ತುಂಬಾ ಇಷ್ಟವಾದ ಭಾಗ. ಮನುಷ್ಯನ ಮೈಯಲ್ಲಿ ಸುಮಾರು 60 ಶೇಕಡಾ ನೀರು, ಅಲ್ವಾ? ಕಲ್ಲು ಅದನ್ನೂ ಎಳೆಯಬೇಕು. ಹಾಗಾದರೆ ಅಲ್ಲಿನ ಜನ ನೆಟ್ಟಗೆ ನಿಲ್ಲುವುದಿಲ್ಲ. ಸುಮಾರು 17 ಡಿಗ್ರಿ ಬೆಟ್ಟದಿಂದಾಚೆಗೆ ವಾಲಿ ನಿಲ್ಲುತ್ತಾರೆ. ಮನೆಯ ನೆಲವನ್ನೂ ಅಷ್ಟೇ ಓರೆಯಾಗಿ ಹಾಕುತ್ತಾರೆ. ಆ ನೆಲದ ಮೇಲಿಟ್ಟ ಪಾತ್ರೆಯಲ್ಲಿ ನೀರು ಮತ್ತೂ ಹತ್ತು ಡಿಗ್ರಿ ವಾಲಿರುತ್ತದೆ. ರಸ ತುಂಬಿದ ಹಣ್ಣು ಬೆಟ್ಟದ ಕಡೆಗೆ ಬೀಳುತ್ತದೆ, ಒಣಗಿದ ಎಲೆ ಗಾಳಿಯಿಲ್ಲದಾಗ ನೆಟ್ಟಗೆ ಇಳಿಯುತ್ತದೆ. ಯಾವುದಾದರೂ ವಸ್ತು ಒಣಗಿದೆಯೋ ಇಲ್ಲವೋ ಅಂತ ತಿಳಿಯಲು ಅಲ್ಲಿನವರು ಅದನ್ನು ದಾರಕ್ಕೆ ತೂಗುಹಾಕಿ ನೋಡುತ್ತಾರೆ. ಇದೊಂದನ್ನೂ ನಾನು ಚಂದಕ್ಕೆ ಅಂತ ಸೇರಿಸಲಿಲ್ಲ, ಲೆಕ್ಕವೇ ತಂದುಕೊಟ್ಟಿತು.

ದೋಣಿಯ ವಿಷಯಕ್ಕೆ ಹೆಚ್ಚು ಹೊತ್ತು ಕೂತೆ. ಒಣ ಮರವನ್ನು ಕಲ್ಲು ಎಳೆಯುವುದಿಲ್ಲ. ಅದರ ಭಾರ ನೆಟ್ಟಗೆ ಕೆಳಕ್ಕೆ. ಆದರೆ ನೀರು ಅದನ್ನು ಎತ್ತುವುದು ಓರೆ ಮೇಲ್ಮೈಗೆ ಲಂಬವಾಗಿ, ಅಂದರೆ ಮೇಲಕ್ಕೆ ಮತ್ತು ಬೆಟ್ಟದಿಂದಾಚೆಗೆ. ಎರಡೂ ಸೇರಿದಾಗ ಖಾಲಿ ದೋಣಿ ಓರೆ ನೀರಿನ ಮೇಲೆ ಕೆಳಕ್ಕೆ ಜಾರುತ್ತದೆ. ಕೆಳಗೆ ನೀರು ಮೇಲೇರುತ್ತಿದೆ, ಮೇಲೆ ದೋಣಿ ಕೆಳಗಿಳಿಯುತ್ತಿದೆ! ಹರಿವು ನಿಧಾನವಿದ್ದ ಕಡೆ ಹುಟ್ಟು ಹಾಕುವುದೇ ಬೇಡ. ಮೇಲಕ್ಕೆ ಹೋಗಬೇಕಾದರೆ ದೋಣಿಗೆ ನೀರು ತುಂಬಿದ ಕೊಡಗಳನ್ನು ಹೇರಬೇಕು. ಭಾರದಲ್ಲಿ ನೀರಿನ ಪಾಲು ಹೆಚ್ಚಿದಷ್ಟೂ ಜಾರುವುದು ಕಡಿಮೆ, ಹರಿವು ಎಳೆದುಕೊಂಡು ಹೋಗುತ್ತದೆ. ಹಾಗಾಗಿ ನನ್ನ ಅಂಬಿಗರ ಕಸುಬೇ ಬೇರೆ. ಕೊಡ ತುಂಬಿಸಿ ಹತ್ತುತ್ತಾರೆ, ಮೇಲೆ ಚೆಲ್ಲಿ ಇಳಿಯುತ್ತಾರೆ. ಉಪ್ಪು, ಕಬ್ಬಿಣ, ಒಣ ಧಾನ್ಯ ಮೇಲೆ ಸಾಗಿಸುವುದು ಕಷ್ಟ, ಹಣ್ಣು ಮತ್ತು ಹಾಲು ಸುಲಭ. ಬೆಟ್ಟದ ಮೇಲಿನ ಸಂತೆಯಲ್ಲಿ ಯಾವುದು ದುಬಾರಿ ಅನ್ನುವುದು ಇದರಿಂದಲೇ ತೀರ್ಮಾನವಾಯಿತು.

ಕಲ್ಲು ಮರಳಿಗೂ ಇದೇ ಲೆಕ್ಕ. ಗುಂಡುಕಲ್ಲು ನದಿಯ ತಳದಲ್ಲಿ ಕೆಳಗೆ ಉರುಳುತ್ತದೆ, ನುಣ್ಣನೆಯ ಮೆಕ್ಕಲು ಮಾತ್ರ ನೀರಿನ ಜೊತೆ ಹತ್ತುತ್ತದೆ. ಹೀಗಾಗಿ ಫಲವತ್ತಾದ ಹೊಲಗಳು ಓರೆ ಕೆರೆಯ ಅಂಚಿನಲ್ಲಿವೆ.

ಇನ್ನು ಶಕ್ತಿಯ ಮಾತು. ಮೇಲೇರಿದ ನೀರು ವಾಪಸ್ ಬರದಿದ್ದರೆ ಬಯಲು ಒಣಗಿಹೋಗುತ್ತದೆ. ಹಾಗಾಗಿ ಬೇಸಿಗೆಯಲ್ಲಿ ಕಲ್ಲಿನ ಸೆಳೆತ ಕುಗ್ಗುವಂತೆ ಮಾಡಿದೆ. ಓರೆ ಕೆರೆ ಮೆಲ್ಲಗೆ ಮಟ್ಟಕ್ಕೆ ಬರುತ್ತ ತುಳುಕಿ, ನದಿ ದಿಕ್ಕು ಬದಲಿಸುತ್ತದೆ. ಕಾಂಬೋಡಿಯಾದ ಟೊನ್ಲೆ ಸಾಪ್ ನದಿ ಪ್ರತಿ ವರ್ಷ ಹೀಗೆ ಹಿಂದೆ ಮುಂದೆ ಹರಿಯುತ್ತದೆ, ಅಲ್ಲಿ ಕಾರಣ ಮೆಕಾಂಗ್ ನದಿಯ ಪ್ರವಾಹ. ಆದರೆ ನೀರನ್ನು ಎತ್ತಿ ಇಳಿಸಿದರೆ ಯಾರೋ ಬೆಲೆ ತೆರಬೇಕು. ಸೆಕೆಂಡಿಗೆ 10 ಘನ ಮೀಟರ್ ನೀರನ್ನು 100 ಮೀಟರ್ ಎತ್ತಲು ಸುಮಾರು 98 ಲಕ್ಷ ವ್ಯಾಟ್ ಬೇಕು. ನನ್ನ ಕಲ್ಲು ಅದನ್ನು ಬೆಟ್ಟದ ಬಿಸಿಯಿಂದ ಹೀರುತ್ತದೆ. ಅದರಿಂದ ಬೆಟ್ಟ ತಣ್ಣಗಾಗುತ್ತದೆ, ಹಿಮ ಬೀಳುತ್ತದೆ.

ಹಿಮವೂ ನೀರೇ. ಈಗ ಅದರ ಮೇಲೆ ಕೆಲಸ ಮಾಡುತ್ತಿದ್ದೇನೆ. ನಮ್ಮ ಲೋಕದಲ್ಲಿ ಹಿಮಕುಸಿತ ಹೆಚ್ಚಾಗಿ ಆಗುವುದು 30ರಿಂದ 45 ಡಿಗ್ರಿ ಇಳಿಜಾರಿನಲ್ಲಿ. ನನ್ನ ಲೋಕದಲ್ಲಿ 27 ಡಿಗ್ರಿ ಬೆಟ್ಟದ ಮೈ ಹಿಮದ ಪಾಲಿಗೆ ಸಮತಟ್ಟು, ಅಲ್ಲಿ ಅದು ಅಲುಗುವುದಿಲ್ಲ. ಅಪಾಯ ಇರುವುದು ಬುಡದ ಬಯಲಿನಲ್ಲಿ. ಬಯಲು ಬೆಟ್ಟದ ಕಡೆಗೆ ಕೊಂಚ ಇಳಿದಿದ್ದರೂ ಹಿಮಕ್ಕೆ ಅದು 30 ಡಿಗ್ರಿ ದಾಟಿದ ಜಾರು. ಹಾಗಾಗಿ ಚಳಿಗಾಲ ಬಂದರೆ ನನ್ನ ಜನ ಬಯಲಿನ ಮನೆ ಖಾಲಿ ಮಾಡಿ ಬೆಟ್ಟದ ಮೈಮೇಲೆ ಹೋಗಿ ನೆಲೆಸುತ್ತಾರೆ. ತಡೆಗೋಡೆ ಕಟ್ಟುವುದು ಮನೆಯ ಕೆಳಬದಿಗೆ.