ಉದ್ರಿ ಸ್ವೆಟರಿನ ಲೆಕ್ಕ

ಕಾಫಿ ತೋಟದ ಕೂಲಿಯವರಿಗೆ ಉದ್ರಿ ಕೊಟ್ಟರೆ ಸ್ವೆಟರೂ ಹೋಯಿತು, ದುಡ್ಡೂ ಹೋಯಿತು ಎಂದು ಬೈಲಕುಪ್ಪೆಯ ನಮ್ಮ ಟಿಬೆಟಿಯನ್ ಕ್ಯಾಂಪಿನ ಹಿರಿಯ ವ್ಯಾಪಾರಿಗಳು ನಕ್ಕಿದ್ದರು. ಈಗ ಅವರಲ್ಲೇ ಇಬ್ಬರು ನಾನು ಸ್ವೆಟರು ಮಾರುವ ಸಂತೆಯಲ್ಲೇ, ನನ್ನಿಂದ ನಾಲ್ಕು ಮಾರು ದೂರದಲ್ಲಿ ಟಾರ್ಪಾಲು ಹಾಸುತ್ತಿದ್ದಾರೆ. ಹಾಗಾಗಿ ಕೂಲಿಯವರಿಗೆ ಉದ್ರಿ ಕೊಡುವುದನ್ನು ಮೊದಲು ಮಾಡಿದವಳು ಯಾರು ಎಂಬುದನ್ನು ಬರೆದಿಡುವುದು ಒಳ್ಳೆಯದು ಅನ್ನಿಸಿತು. ಸಂತೆಯಲ್ಲಿ ಕುಳಿತವರಿಗೆ ಸುಂಕ, ಬೋಣಿ, ಗಂಟು ಕಟ್ಟುವ ಕೆಲಸ ಎಲ್ಲ ಗೊತ್ತಿರುತ್ತದೆ. ಅದನ್ನು ಬಿಟ್ಟು ಮುಂದಕ್ಕೆ ಹೋಗುತ್ತೇನೆ.

ನಾನು ಬೈಲಕುಪ್ಪೆಯಲ್ಲಿ ಹುಟ್ಟಿದ ಟಿಬೆಟಿಯನ್ ಹೆಂಗಸು. ತಂದೆ ತಾಯಿ 1959ರ ನಂತರ ಗಡಿ ದಾಟಿ, ಹಿಮಾಚಲದ ರಸ್ತೆಗಳಲ್ಲಿ ಕಲ್ಲು ಒಡೆದು, ಆಮೇಲೆ ಇಲ್ಲಿಗೆ ಬಂದವರು. ಅಂದಿನ ಮೈಸೂರು ರಾಜ್ಯ ಕೊಟ್ಟ ಸುಮಾರು 3,000 ಎಕರೆಯಲ್ಲಿ 1960ರ ಕೊನೆಗೆ ಮೊದಲ ವಸಾಹತು ಶುರುವಾಯಿತು. ಕಾಡು ಕಡಿದದ್ದು, ಆನೆ ಓಡಿಸಿದ್ದು, ಸೆಕೆ ತಾಳದೆ ಜನ ಸತ್ತದ್ದು, ಇವೆಲ್ಲ ಚಿನ್ನದ ದೇವಸ್ಥಾನ ನೋಡಲು ಬರುವವರಿಗೂ ಈಗ ಗೊತ್ತಿದೆ. ಅವರಿಗೆ ಗೊತ್ತಿಲ್ಲದ್ದು ಭೂಮಿಯ ಲೆಕ್ಕ. ತಲೆಗೆ ಒಂದು ಎಕರೆಯಂತೆ ಸಿಕ್ಕಿತ್ತು. ಮಕ್ಕಳು ಹುಟ್ಟಿದರು, ಎಕರೆ ಹುಟ್ಟಲಿಲ್ಲ. ಸಾಲದ್ದಕ್ಕೆ ಆ ಭೂಮಿಯ ಪಹಣಿ ನಮ್ಮ ಹೆಸರಿನಲ್ಲಿಲ್ಲ, ಬ್ಯಾಂಕಿನಲ್ಲಿ ಅಡ ಇಡಲು ಬರುವುದಿಲ್ಲ. ಆದ್ದರಿಂದಲೇ ಮುಸುಕಿನ ಜೋಳ ಮನೆಗೆ ಬಂದ ಕೂಡಲೇ ನಮ್ಮವರು ಸ್ವೆಟರಿನ ಗಂಟು ಹೊತ್ತು ಊರೂರಿಗೆ ಹೊರಡುವುದು.

ಈ ವ್ಯಾಪಾರ ನಿಂತಿರುವುದೇ ಉದ್ರಿಯ ಮೇಲೆ. ಪಂಜಾಬಿನ ಲುಧಿಯಾನದ ಲಾಲಾಗಳು, ಅಂದರೆ ಸಗಟು ವ್ಯಾಪಾರಿಗಳು, ಮಾಲು ಕೊಡುತ್ತಾರೆ, ಚಳಿಗಾಲ ಮುಗಿದ ಮೇಲೆ ಹಣ ತೆಗೆದುಕೊಳ್ಳುತ್ತಾರೆ. ನನ್ನ ತಂದೆಗೆ ಮೊದಲ ಗಂಟು ಕಟ್ಟಿಕೊಟ್ಟ ಲಾಲಾ, ತಂದೆಯ ಆರ್‌ಸಿಯನ್ನೂ (ನಿರಾಶ್ರಿತರಾದ ನಮಗೆ ಸರ್ಕಾರ ಕೊಡುವ ನೋಂದಣಿ ಪುಸ್ತಕ) ಕೇಳಲಿಲ್ಲವಂತೆ. ಪ್ರತಿ ವರ್ಷ ನವೀಕರಿಸುತ್ತಿದ್ದ ಆ ಪುಸ್ತಕ ಬಿಟ್ಟರೆ ತಂದೆಯ ಹತ್ತಿರ ಬೇರೆ ಕಾಗದ ಇರಲೂ ಇಲ್ಲ. ಹೀಗೆ ಬದುಕಿದ ಜನವೇ, ತೋಟದ ಕೂಲಿಯವರ ಮಾತು ಬಂದರೆ ‘ಊರು ಕೇರಿ ಗೊತ್ತಿಲ್ಲದವರು, ನಂಬಬೇಡ’ ಎನ್ನುತ್ತಿದ್ದರು.

ಮೊದಲು ನಾನೂ ಎಲ್ಲರ ಜೊತೆ ಮಹಾರಾಷ್ಟ್ರದ ಕಡೆಯ ಒಂದು ನಗರಕ್ಕೆ ಹೋಗುತ್ತಿದ್ದೆ. ಸಾಲಾಗಿ ನಲವತ್ತು ಅಂಗಡಿ, ಎಲ್ಲದರಲ್ಲೂ ಅದೇ ಮಾಲು, ಅದೇ ದರ. ಮೈದಾನದ ಬಾಡಿಗೆ, ಕೋಣೆಯ ಬಾಡಿಗೆ, ಕಾವಲಿನ ಹಣ ಕಳೆದರೆ ಮೂರು ತಿಂಗಳ ದುಡಿಮೆಗೆ ಕೈಯಲ್ಲಿ ಉಳಿಯುತ್ತಿದ್ದುದು ನಲವತ್ತು ಸಾವಿರದ ಆಸುಪಾಸು. ಒಂದು ವರ್ಷ ಚಳಿಯೇ ಬೀಳಲಿಲ್ಲ. ಮರಳಿ ಬಂದವಳು ಉಳಿದ ಮಾಲನ್ನು ಕೊಡಗಿನ ಶನಿವಾರಸಂತೆ ಎಂಬ ಊರಿನ ಸಂತೆಗೆ ಒಯ್ದೆ. ಅರೇಬಿಕಾ ಕುಯ್ಲು ಇನ್ನೂ ನಡೆದಿತ್ತು. ಬೆಳಗಿನ ಮಂಜಿನಲ್ಲಿ ತೋಟಕ್ಕೆ ಇಳಿಯುವವರ ಮೈಮೇಲೆ ಹಳೆಯ ಅಂಗಿಯ ಮೇಲೊಂದು ಹಳೆಯ ಅಂಗಿ. ಬಂದು ಮುಟ್ಟಿ ನೋಡುತ್ತಾರೆ, ದರ ಕೇಳುತ್ತಾರೆ, ಇಟ್ಟು ಹೋಗುತ್ತಾರೆ. ಕೂಲಿ ಬಟವಾಡೆಯ ದುಡ್ಡಿನಲ್ಲಿ ಅಕ್ಕಿ, ಎಣ್ಣೆ, ಊರಿಗೆ ಕಳುಹಿಸುವುದು ಎಲ್ಲ ಕಳೆದರೆ ಸ್ವೆಟರಿನ ದರ ಮುನ್ನೂರೈವತ್ತು ಒಟ್ಟಿಗೆ ಏಳುವುದಿಲ್ಲ. ಇನ್ನೂರು ಏಳುತ್ತದೆ.

ಲೆಕ್ಕ ಇಷ್ಟೇ. ಸಾಗಾಣಿಕೆ ಸೇರಿ ಒಂದು ಸ್ವೆಟರಿನ ಅಸಲು ಆಗ ಸುಮಾರು ನೂರೆಂಬತ್ತು. ಇವತ್ತು ಇನ್ನೂರು ಕೊಟ್ಟು ಹಾಕಿಕೊಂಡು ಹೋಗಿ, ಮುಂದಿನ ಬಟವಾಡೆಗೆ ನೂರೈವತ್ತು ಕೊಡಿ ಎಂದೆ. ಮುಂಗಡದಲ್ಲೇ ಅಸಲು ಬಂದುಬಿಡುತ್ತದೆ. ಓಡಿಹೋದವರು ಒಯ್ಯುವುದು ನನ್ನ ಲಾಭವನ್ನು ಮಾತ್ರ. ಹಿರಿಯರಿಗೆ ಇದನ್ನು ನೆಲದ ಮೇಲೆ ಬರೆದು ತೋರಿಸಿದರೂ ತಲೆಯಾಡಿಸಲಿಲ್ಲ. ಮೇಸ್ತ್ರಿಯ ಜಾಮೀನನ್ನೂ ನಾನು ಕೇಳುವುದಿಲ್ಲ. ಕೇಳಿದರೆ ಮೇಸ್ತ್ರಿ ತನ್ನ ಪಾಲು ಕೇಳುತ್ತಾನೆ, ಕೂಲಿಯವರು ಮತ್ತೆ ಅಂಗಡಿಗೆ ಬರುವುದಿಲ್ಲ. ಒಂದು ನೋಟುಪುಸ್ತಕ, ಅದರಲ್ಲಿ ಹೆಸರು, ತೋಟ, ಸ್ವೆಟರಿನ ಬಣ್ಣ. ಅಸ್ಸಾಮಿನವರಿರಲಿ, ಚಾಮರಾಜನಗರದವರಿರಲಿ, ಗುರುತಿನ ಚೀಟಿ ಕೇಳಿಲ್ಲ. ನೂರಕ್ಕೆ ಐದಾರು ಮಂದಿ ಬಾರದೇ ಹೋಗುತ್ತಾರೆ. ಯಾರಿಗೆ ಉದ್ರಿ ಕೊಡಬಾರದು ಎಂದು ಹೇಗೆ ಗುರುತಿಸುತ್ತೇನೆ ಎನ್ನುವುದನ್ನು ಮಾತ್ರ ಇಲ್ಲಿ ಹೇಳಲಾರೆ. ನಾಲ್ಕು ಮಾರು ದೂರದವರೂ ಕನ್ನಡ ಓದುತ್ತಾರೆ.

ಮಾಲಿನ ವಿಷಯದಲ್ಲಿ ಕಷ್ಟಪಟ್ಟಿದ್ದೇನೆ. ನಗರದಲ್ಲಿ ಓಡುತ್ತಿದ್ದ ತಿಳಿ ಗುಲಾಬಿ, ಕೆನೆ ಬಣ್ಣದ ಸಡಿಲ ಹೆಣಿಗೆಯ ಕಾರ್ಡಿಗನ್ನು ತೋಟದಲ್ಲಿ ಒಂದು ವಾರ ಬಾಳಲಿಲ್ಲ. ಕಾಫಿ ಗಿಡದ ರೆಂಬೆಗೆ ನೂಲು ಸಿಕ್ಕಿ ಎಳೆ ಎಳೆಯಾಗಿ ಬರುತ್ತದೆ, ಕರೆ ಹೋಗುವುದಿಲ್ಲ. ಮುಂದಿನ ವರ್ಷದಿಂದ ಬಿಗಿ ಹೆಣಿಗೆ, ಗಾಢ ಕೆಂಪು ಇಲ್ಲವೇ ಕಂದು, ತೋಳಿಲ್ಲದ್ದು, ಮುಂದೆ ಜಿಪ್ಪು. ಲುಧಿಯಾನದ ಯಾವ ಗಲ್ಲಿಯಲ್ಲಿ ಅದು ಸಿಗುತ್ತದೆ ಎಂದು ಕೇಳಬೇಡಿ. ಉಳಿದಿದ್ದ ಕಾರ್ಡಿಗನ್ನುಗಳ ತೋಳು ಕತ್ತರಿಸಿ, ಅಂಚಿಗೆ ಎಲಾಸ್ಟಿಕ್ ಹೊಲಿದು, ಕೈಗೆ ರೆಂಬೆ ತರಚದಂತೆ ಹಾಕಿಕೊಳ್ಳಲು ಜೋಡಿಗೆ ನಲವತ್ತರಂತೆ ಮಾರಿದೆ. ಸ್ವೆಟರಿಗಿಂತ ಬೇಗ ಖಾಲಿಯಾದದ್ದು ಅದೇ!

ಇದರ ನಡುವೆ ಮೊಮೊ ಮಾರುವ ಹುಚ್ಚೂ ಹತ್ತಿತ್ತು. ಸಂತೆಗೆ ಬರುವ ಜನಕ್ಕೆ ರಾಗಿ ರುಚಿಸುತ್ತದೆ ಎಂದು ರಾಗಿ ಹಿಟ್ಟಿನ ಮೊಮೊ ಮಾಡಿದೆ. ರಾಗಿಗೆ ಮೈದಾದ ಜಿಗುಟಿಲ್ಲ; ಹಬೆಯಲ್ಲಿ ಎಲ್ಲ ಬಿರಿದು ಹೂರಣ ಹೊರಗೆ. ಅರ್ಧ ಮೈದಾ ಬೆರೆಸಿದರೆ ನಿಲ್ಲುತ್ತದೆ, ಆದರೆ ಆಗ ಅದು ರಾಗಿ ಮೊಮೊ ಅಲ್ಲ. ಎರಡು ಸಾವಿರ ಕಳೆದು ಪಾತ್ರೆಯನ್ನು ತಂಗಿಗೆ ಕೊಟ್ಟೆ. ಅವಳು ಖಾರದ ಸೆಪೆನ್ ಚಟ್ನಿ ಮಾಡಿ ಶೀಸೆಯಲ್ಲಿ ಮಾರುತ್ತಾಳೆ, ಅದು ಚೆನ್ನಾಗಿ ಹೋಗುತ್ತಿದೆ.

ನನ್ನ ಉದ್ರಿ ಪದ್ಧತಿಗೆ ನಿಜವಾದ ಪೆಟ್ಟು ಬಿದ್ದದ್ದು 2016ರ ನವೆಂಬರಿನಲ್ಲಿ. ಐನೂರು, ಸಾವಿರದ ನೋಟು ರದ್ದಾದವು. ತೋಟಗಳಲ್ಲಿ ಬಟವಾಡೆಗೆ ಚಿಲ್ಲರೆ ನೋಟಿಲ್ಲ, ವಾರಗಟ್ಟಲೆ ಕೂಲಿ ಬಾಕಿ. ನನ್ನ ಪುಸ್ತಕದಲ್ಲಿ ಅರುವತ್ತು ಸಾವಿರದಷ್ಟು ಹೊರಗೆ ನಿಂತಿತ್ತು. ಹಿರಿಯರು ಮನೆಗೇ ಬಂದು, ನಾವು ಹೇಳಿರಲಿಲ್ಲವೇ ಎಂದರು. ನಾನು ಸಂತೆ ತಪ್ಪಿಸಲಿಲ್ಲ. ಮಾಲಿಲ್ಲದಿದ್ದರೂ ಟಾರ್ಪಾಲು ಹಾಸಿ ಕುಳಿತೆ. ಸಂಕ್ರಾಂತಿ ಕಳೆದ ಮೇಲೆ ಇಪ್ಪತ್ತು, ಮೂವತ್ತರಂತೆ ಬರತೊಡಗಿತು, ಮಾರ್ಚಿನ ಹೊತ್ತಿಗೆ ಐದಾರು ಸಾವಿರ ಬಿಟ್ಟು ಉಳಿದದ್ದೆಲ್ಲ ಬಂತು. ಲಾಲಾ ಎರಡು ತಿಂಗಳು ತಡೆದುಕೊಂಡರು. ಹಿರಿಯರು ಹೋಗಿದ್ದ ನಗರದಲ್ಲಿ ಆ ವರ್ಷ ನಗದು ಗಿರಾಕಿಗಳೇ ಇರಲಿಲ್ಲ.

2018 ಬೇರೆ ಥರದ ನಷ್ಟ. ಆಗಸ್ಟಿನ ಮಳೆಗೆ ಕೊಡಗಿನ ಗುಡ್ಡ ಕುಸಿದ ಮೇಲೆ ಲಾರಿಗಟ್ಟಲೆ ಕಂಬಳಿ, ಬಟ್ಟೆ ಬಂದಿಳಿದವು. ನನ್ನ ಮಾಲನ್ನು ಯಾರು ಕೊಳ್ಳುತ್ತಾರೆ? ಅಮ್ಮ ಮಾತ್ರ ಆ ರಾಶಿಯ ಚಿತ್ರಗಳನ್ನು ಟಿವಿಯಲ್ಲಿ ನೋಡಿ, ನಮಗೂ ಹೀಗೆಯೇ ಬಂದಿತ್ತು, ಒಂದೂ ಅಳತೆಗೆ ಸರಿಹೋಗುತ್ತಿರಲಿಲ್ಲ ಎಂದರು. ಅದನ್ನು ಕೇಳಿ, ಆ ವರ್ಷ ದೊಡ್ಡವರದ್ದನ್ನು ಕಡಿಮೆ ಮಾಡಿ ಮಕ್ಕಳ ಸ್ವೆಟರುಗಳನ್ನು ಎಲ್ಲ ಅಳತೆಯಲ್ಲೂ ತರಿಸಿದೆ. ಲಾಭವಾಗಲಿಲ್ಲ, ಬಂಡವಾಳ ಉಳಿಯಿತು.

ಮಗ ನನಗೆ ಭಾರತದ ಪಾಸ್‌ಪೋರ್ಟ್ ಮಾಡಿಸೋಣ ಎನ್ನುತ್ತಾನೆ. 1950ರ ಜನವರಿ 26ರಿಂದ 1987ರ ಜುಲೈ 1ರ ಒಳಗೆ ಭಾರತದಲ್ಲಿ ಹುಟ್ಟಿದವಳಾದ್ದರಿಂದ ಕಾನೂನಿನ ಪ್ರಕಾರ ನಾನು ಇಲ್ಲಿಯ ಪ್ರಜೆಯೇ. ಆದರೆ ಪಾಸ್‌ಪೋರ್ಟ್ ಬೇಕಾದರೆ ಆರ್‌ಸಿ ಒಪ್ಪಿಸಬೇಕು, ವಸಾಹತಿನ ಮನೆ ಬಿಡಬೇಕು ಎಂಬ ಷರತ್ತು 2017ರಲ್ಲಿ ಬಂತು. ಮನೆ ಬಿಟ್ಟರೆ ಮಾಲು ಎಲ್ಲಿಡಲಿ?

ಈಗ ಕಳೆದ ಎರಡು ಮೂರು ವರ್ಷಗಳಿಂದ, ಖರ್ಚು ಕಳೆದು ಒಂದು ಕುಯ್ಲಿಗೆ ಒಂದೂಕಾಲು ಲಕ್ಷದ ಹತ್ತಿರ ಉಳಿಯುತ್ತಿದೆ. ಶನಿವಾರ ಶನಿವಾರಸಂತೆ, ಸೋಮವಾರ ಸೋಮವಾರಪೇಟೆ, ಮಂಗಳವಾರ ಕುಶಾಲನಗರ. ಮಿಕ್ಕ ದಿನ ಮನೆ. ರೊಬಸ್ಟಾ ಕುಯ್ಲು ತಡವಾಗಿ ಮುಗಿಯುವುದರಿಂದ ಮುಂದಿನ ಜನವರಿಯಲ್ಲಿ ಸಿದ್ದಾಪುರದ ಕಡೆಗೂ ಹೋಗುವ ಯೋಚನೆಯಿದೆ. ಅಲ್ಲಿ ಟಾರ್ಪಾಲಿಗೆ ಸುಂಕ ಎಷ್ಟು ಎಂದು ಯಾರಾದರೂ ತಿಳಿಸಿದರೆ ಒಂದು ಜೊತೆ ತೋಳು ಬಿಟ್ಟಿ.