ರುಚಿ ನೋಡಲು ಕೊಟ್ಟ ವಿಸ್ಕಿಯನ್ನು ಪುಟ್ಟ ಸೀಸೆಯಲ್ಲಿ ಉಳಿಸಿಕೊಳ್ಳಿ

ಸ್ಕಾಟ್ಲೆಂಡಿನಲ್ಲಿ ಒಂದೇ ದಿನ ಮೂರ್ನಾಲ್ಕು ವಿಸ್ಕಿ ಡಿಸ್ಟಿಲರಿಗಳನ್ನು ಗೈಡ್ ಜೊತೆ ನೋಡಲು ಹೊರಡುವವರು, ಬಿಗಿಯಾದ ತಿರುಪು ಮುಚ್ಚಳದ, 30 ಮಿಲಿಲೀಟರಿನ ನಾಲ್ಕಾರು ಗಾಜಿನ ಸೀಸೆಗಳನ್ನು ಒಯ್ದು, ಪ್ರತಿ ಕಡೆಯೂ ಒಂದೆರಡು ಗುಟುಕು ಮಾತ್ರ ಸವಿದು, ಉಳಿದದ್ದನ್ನು ಸಿಬ್ಬಂದಿಯನ್ನು ಕೇಳಿ ಅವುಗಳಲ್ಲಿ ತುಂಬಿಸಿಕೊಳ್ಳುವುದು ಒಳ್ಳೆಯದು. ಸ್ಕಾಚ್‌ನಲ್ಲಿ ಆಲ್ಕೋಹಾಲ್ ಕನಿಷ್ಠ ಶೇ. 40 ಇರುತ್ತದೆ, ನೀರು ಬೆರೆಸದೆ ಪೀಪಾಯಿಯಿಂದಲೇ ಇಳಿಸಿದ್ದರಲ್ಲಿ ಅದು 55 ದಾಟುವುದೂ ಉಂಟು. ಹೀಗಾಗಿ ಮೂಗು ಮತ್ತು ನಾಲಿಗೆ ಬೇಗ ದಣಿಯುತ್ತವೆ. ಐಲಾ ದ್ವೀಪದಲ್ಲಿ ಕೆಲವೇ ಮೈಲಿಗಳ ಅಂತರದಲ್ಲಿರುವ ಲಫ್ರೋಯ್ಗ್, ಲಗಾವುಲಿನ್, ಆರ್ಡ್‌ಬೆಗ್ ಡಿಸ್ಟಿಲರಿಗಳ ವಿಸ್ಕಿಯನ್ನು ಸಾಲಾಗಿ ಕುಡಿದರೆ, ಮೂರನೆಯದರಲ್ಲಿ ಪೀಟ್ (ಬಾರ್ಲಿ ಒಣಗಿಸಲು ಉರಿಸುವ ಜೌಗು ಮಣ್ಣು) ಹೊಗೆಯ ಹೊರತು ಬೇರೇನೂ ತಿಳಿಯದೆ ಹೋಗಬಹುದು. ಹೆಸರು ಬರೆದ ಪಟ್ಟಿಯನ್ನು ಸೀಸೆಗೆ ಮೊದಲೇ ಅಂಟಿಸಿಡಿ. ವಿಸ್ಕಿ ತಗುಲಿದರೆ ಶಾಯಿ ಹರಡುವುದರಿಂದ ಪೆನ್ಸಿಲ್ಲೇ ವಾಸಿ. ವಾಹನ ಓಡಿಸುವವರಿಗಾಗಿ ಅನೇಕ ಡಿಸ್ಟಿಲರಿಗಳು ತಾವೇ ಇಂಥ ಸೀಸೆ ಕೊಡುತ್ತವೆ, ಕೇಳಲು ಸಂಕೋಚ ಬೇಡ. ಆದರೆ ಗೋದಾಮಿನೊಳಗೆ ಪೀಪಾಯಿಯಿಂದ ನೇರವಾಗಿ ಬಗ್ಗಿಸಿ ಕೊಡುವುದನ್ನು ಹೊರಗೆ ಒಯ್ಯಲು ಕೆಲವೆಡೆ ಬಿಡುವುದಿಲ್ಲ, ಮತ್ತು ಅರ್ಧ ಮಾತ್ರ ತುಂಬಿದ ಸೀಸೆಯನ್ನು ತಿಂಗಳುಗಟ್ಟಲೆ ಇಟ್ಟರೆ ಒಳಗಿನ ಗಾಳಿಗೆ ಪರಿಮಳ ಮಂಕಾಗುತ್ತದೆ.